ಹಾರಕ್ಕೆ ಬಿಟ್ಟ ಜಾಗ

ಹಳೆಯ ಫೋಟೋ ಹಿಡಿದುಕೊಂಡು "ಇದನ್ನು ದೊಡ್ಡದು ಮಾಡಿಕೊಡಿ" ಎಂದು ಸ್ಟುಡಿಯೋಕ್ಕೆ ಬಂದವರನ್ನು ನಾವು ಒಂದು ಪ್ರಶ್ನೆ ಕೇಳಲೇಬೇಕಿತ್ತು. ಫೋಟೋದಲ್ಲಿರುವವರು ಇದ್ದಾರೋ ಹೋದರೋ ಎಂಬುದು ನಮಗೆ ಗೊತ್ತಾಗಬೇಕು. ಇದ್ದವರಾದರೆ ತಲೆಯ ಮೇಲೆ ಎರಡು ಬೆರಳು ಜಾಗ ಸಾಕು. ಹೋದವರಾದರೆ ಐದು ಬೆರಳು ಬೇಕು. ಇಲ್ಲದಿದ್ದರೆ ಚೌಕಟ್ಟಿನಿಂದ ಇಳಿಬಿಟ್ಟ ಹಾರ ಹಣೆ, ಕಣ್ಣು ಎಲ್ಲವನ್ನೂ ಮುಚ್ಚುತ್ತದೆ. ಹಿನ್ನೆಲೆಯನ್ನು ಅಳಿಸಿ ಮುಖದ ಸುತ್ತ ಬಿಳಿ ಮೋಡದಂತೆ ಮಾಡುವುದೂ ಪದ್ಧತಿ. ಆದರೆ ಕೌಂಟರಿನಲ್ಲಿ ನಿಂತು "ನಿಮ್ಮ ಅಪ್ಪ ಸತ್ತರಾ?" ಎಂದು ಕೇಳುವುದುಂಟೇ? ಅದಕ್ಕಾಗಿ ನಮ್ಮ ಯಜಮಾನರು ಕಲಿಸಿಕೊಟ್ಟ ಮಾತು ಇದು: "ಹಾರಕ್ಕೆ ಜಾಗ ಬಿಡುದೊ?"

ಇದ್ದವರ ಫೋಟೋ ಆದರೆ ಉತ್ತರ ಥಟ್ಟನೆ ಬರುತ್ತಿತ್ತು. "ಎಂತ ಮಾರಾಯ್ರೆ, ಬಿಡ್ತು ಅನ್ನಿ!" ಎಂದು ಬೈದವರೂ ಉಂಟು. ಹೋದವರದ್ದಾದರೆ ಯಾರೂ ಬಾಯಿಬಿಟ್ಟು ಹೌದು ಅನ್ನುತ್ತಿರಲಿಲ್ಲ. ನೆಲ ನೋಡುತ್ತಿದ್ದರು, ಇಲ್ಲವೇ ಎದುರಿನ ಬಸ್‌ಸ್ಟ್ಯಾಂಡು ನೋಡುತ್ತಿದ್ದರು. ಆ ಮೌನವನ್ನೇ ಹೌದು ಎಂದುಕೊಂಡು ನಾನು ಆರ್ಡರ್ ಪುಸ್ತಕದಲ್ಲಿ ಒಂದು ಸಣ್ಣ ಸೊನ್ನೆ ಸುತ್ತುತ್ತಿದ್ದೆ. ಪುತ್ತೂರಿನ ಆ ಸ್ಟುಡಿಯೋದಲ್ಲಿ ರೀಟಚಿಂಗ್ ಕೆಲಸಕ್ಕೆ ಕೂತ ಮೇಲೆ ನನ್ನ ಸೊನ್ನೆ ಒಮ್ಮೆಯೂ ತಪ್ಪಿರಲಿಲ್ಲ. ಅದರ ಬಗ್ಗೆ ನನಗೆ ಸ್ವಲ್ಪ ಅಹಂಕಾರವೂ ಇತ್ತು ಎಂದು ಈಗ ಒಪ್ಪಿಕೊಳ್ಳುತ್ತೇನೆ.

ತಪ್ಪಿದ್ದು ಬಾಂಗ್ಲಾ ಯುದ್ಧ ಮುಗಿದು ಏಳೆಂಟು ತಿಂಗಳಾದ ಮೇಲೆ, ತುಳುವರ ಆಟಿ ತಿಂಗಳ ಮಳೆಯಲ್ಲಿ. ಆ ತಿಂಗಳು ನಮ್ಮಲ್ಲಿ ಮದುವೆ ಇಲ್ಲ, ಹಾಗಾಗಿ ಸ್ಟುಡಿಯೋದಲ್ಲಿ ಕೆಲಸವೂ ಇಲ್ಲ. ಕಾಣಿಯೂರು ಕಡೆಯ ಶಾಲೆಯ ಮಾಸ್ಟ್ರೊಬ್ಬರು ಕೊಡೆ ಮಡಚಿ ಒಳಗೆ ಬಂದು, ಚೀಲದಿಂದ ಭೂಪಟದ ಪುಸ್ತಕ ತೆಗೆದು, ಅದರ ನಡುವಿನಿಂದ ಅಂಗೈಯಗಲದ ಒಂದು ಫೋಟೋವನ್ನು ಕೌಂಟರಿನ ಮೇಲಿಟ್ಟರು.

ಇಬ್ಬರು ಯುವಕರು ವಿಮಾನವೊಂದರ ಮುಂದೆ ನಿಂತಿದ್ದರು. ಎಡಕ್ಕಿದ್ದವನು ಪೇಟ ಕಟ್ಟಿದ ಪಂಜಾಬಿನವನು. ಬಲಕ್ಕಿದ್ದವನು ನಮ್ಮ ಕಡೆಯ ಮುಖದವನು, ಕೈಯಲ್ಲಿ ಹೆಲ್ಮೆಟ್ಟು. ಪಂಜಾಬಿನವನ ಒಂದು ಕೈ ನಮ್ಮವನ ಹೆಗಲ ಮೇಲಿತ್ತು. ಫೋಟೋ ತೆಗೆದವನಿಗೆ ಕೈ ಪಳಗಿರಲಿಲ್ಲ. ತಲೆಗಳು ಮೇಲಂಚಿಗೆ ತಾಗುವಂತಿದ್ದವು, ಹಿಂದಿದ್ದ ವಿಮಾನದ ಬಾಲ ಅರ್ಧಕ್ಕೆ ಕತ್ತರಿಸಿ ಹೋಗಿತ್ತು. ಕಾಗದದ ಮೇಲೆ ಅಡ್ಡಕ್ಕೊಂದು ಮಡಿಕೆ, ನಮ್ಮವನ ಕೆನ್ನೆಯ ಮೇಲೆ ಬೂಸ್ಟು.

"ಬಲಬದಿಯವ ನನ್ನ ತಮ್ಮ" ಎಂದರು ಮಾಸ್ಟ್ರು. "ಬಾಂಬು ಹಾಕುವ ವಿಮಾನದಲ್ಲಿ ನೇವಿಗೇಟರ್. ಪೈಲಟಿಗೆ ದಾರಿ ಹೇಳುದು ಇವನ ಕೆಲಸ. ಇವನ ಒಬ್ಬನದ್ದು ಸಾಕು, ಆ ಪೈಲಟನ್ನು ತೆಗೀರಿ. ಆಗಸ್ಟ್ ಹದಿನೈದಕ್ಕೆ ಶಾಲೆಯಲ್ಲಿ ಹಾಕ್ಲಿಕ್ಕೆ ಉಂಟು. ಬಿ.ಡಿ.ಓ. ಸಾಹೇಬ್ರು ಬರ್ತಾರೆ."

"ಆಯ್ತು ಮಾಸ್ಟ್ರೆ. ಹಾರಕ್ಕೆ ಜಾಗ ಬಿಡುದೊ?"

ಅವರು ಕನ್ನಡಕ ತೆಗೆದು ಪಂಚೆಯ ತುದಿಯಲ್ಲಿ ಒರೆಸಿದರು. ಮತ್ತೆ ಹಾಕಿಕೊಂಡು ಬಸ್‌ಸ್ಟ್ಯಾಂಡು ನೋಡಿದರು. ಏನೂ ಹೇಳಲಿಲ್ಲ. ನಾನು ಸೊನ್ನೆ ಸುತ್ತಿದೆ.

ಕೆಲಸ ಕಷ್ಟದ್ದಾಗಿತ್ತು, ಕಷ್ಟದ ಕೆಲಸ ನನಗೆ ಇಷ್ಟ. ಮೊದಲು ಹತ್ತಿಯಲ್ಲಿ ಬೂಸ್ಟು ಒರೆಸಿ, ಫೋಟೋವನ್ನು ಹಲಗೆಗೆ ಒತ್ತಿ ಕೂರಿಸಿ, ಎರಡು ಬದಿಯಿಂದ ಎರಡು ಬಲ್ಬು ಓರೆಯಾಗಿ ಹಚ್ಚಿ, ಮರದ ದೊಡ್ಡ ಕ್ಯಾಮರಾದಲ್ಲಿ ಅದರ ನೆಗೆಟಿವ್ ತೆಗೆದೆ. ನೆಗೆಟಿವಿನಲ್ಲಿ ಎಲ್ಲವೂ ತಿರುಗುಮುರುಗು. ಬೆಳಕು ಬೇಕಾದಲ್ಲಿ ಪೆನ್ಸಿಲಿನಿಂದ ಕಪ್ಪು ತುಂಬಬೇಕು, ಕಪ್ಪು ಬೇಕಾದಲ್ಲಿ ಸಣ್ಣ ಚೂರಿಯಿಂದ ಕೆರೆಯಬೇಕು. ಬಿಸಿಲಿನ ನೆರಳು ಕೂತಿದ್ದ ಕಣ್ಣುಗಳಿಗೆ ಪೆನ್ಸಿಲ್ ಆಡಿಸಿದೆ. ಪಂಜಾಬಿನವನನ್ನು ಅಳಿಸಿದೆ. ಅವನನ್ನು ಅಳಿಸುವುದು ಸುಲಭವಿತ್ತು, ನಮ್ಮವನ ಹೆಗಲ ಮೇಲಿದ್ದ ಅವನ ನಾಲ್ಕು ಬೆರಳುಗಳು ಒಂದಿಡೀ ದಿನ ತಿಂದವು. ಸ್ವಲ್ಪ ಜಾಸ್ತಿ ಕೆರೆದರೆ ಬಟ್ಟೆಯಲ್ಲಿ ತೂತು ಬಿದ್ದ ಹಾಗೆ ಕಾಣುತ್ತದೆ, ಕಡಿಮೆ ಕೆರೆದರೆ ಹೆಗಲ ಮೇಲೆ ಹಲ್ಲಿ ಕೂತ ಹಾಗೆ. ಕೊನೆಗೆ ಹನ್ನೆರಡು–ಹದಿನೈದು ಇಂಚಿನ ಕಾಗದದಲ್ಲಿ, ತಲೆಯ ಮೇಲೆ ಐದು ಬೆರಳು ಬಿಟ್ಟು, ಸುತ್ತ ಮೋಡ ಎಬ್ಬಿಸಿ ಪ್ರಿಂಟ್ ಹಾಕಿದೆ. ಯಜಮಾನರು ನೋಡಿ, "ಸ್ವರ್ಗದಲ್ಲಿಯೇ ನಿಲ್ಲಿಸಿಬಿಟ್ಟಿ ಮಾರಾಯ" ಎಂದರು. ಅವರ ಬಾಯಿಯಿಂದ ಹೊಗಳಿಕೆ ಅಪರೂಪ. ನಾನು ಅದನ್ನು ಕೌಂಟರಿನ ಹಿಂದಿನ ಗೋಡೆಗೆ ಒರಗಿಸಿಟ್ಟೆ.

ಮೂರನೇ ದಿನ ಬಿಳಿ ಸೀರೆಯ ನರ್ಸೊಬ್ಬರು ಮೆಟ್ಟಿಲು ಹತ್ತಿ ಬಂದರು. ಕೈಯಲ್ಲಿ ಲಸಿಕೆಯ ಥರ್ಮೋಸ್ ಡಬ್ಬಿ. ಕಡಬದ ಆಸ್ಪತ್ರೆಗೆ ಲಸಿಕೆ ಕೊಂಡುಹೋಗಲು ವಾರಕ್ಕೊಮ್ಮೆ ಪುತ್ತೂರಿಗೆ ಬರುವವರು. ಹಣೆಯಲ್ಲಿ ಕುಂಕುಮ, ಕುತ್ತಿಗೆಯಲ್ಲಿ ಕರಿಮಣಿ. ಬಾಯಿ ತೆರೆಯುವ ಮೊದಲೇ ಅವರ ಕಣ್ಣು ಗೋಡೆಗೆ ಹೋಯಿತು.

"ಇದು ಎಂತ ಮಾಡಿದ್ದು ನೀವು?"

ಕೆಲಸ ಮೆಚ್ಚಿ ಕೇಳಿದರೆಂದು ನಾನು, "ಕಾಣಿಯೂರಿನ ಮಾಸ್ಟ್ರ ತಮ್ಮ. ಪಾಪ, ಯುದ್ಧದಲ್ಲಿ ಹೋದದ್ದಂತೆ" ಎಂದೆ.

"ನಾನು ಅವರ ಹೆಂಡತಿ. ಭಾವ ಇಲ್ಲಿ ಫೋಟೋ ಕೊಟ್ಟದ್ದು ಕೇಳಿ ಬಂದದ್ದು."

ಥರ್ಮೋಸನ್ನು ಮೆಲ್ಲನೆ ಕೌಂಟರಿನ ಮೇಲಿಟ್ಟು, ಚೀಲದಿಂದ ಸರಕಾರದ ಕಾಗದ ತೆಗೆದು ನನ್ನ ಮುಂದೆ ಬಿಡಿಸಿದರು. ಮಡಚಿ ಮಡಚಿ ಅದು ನಾಲ್ಕು ತುಂಡಾಗುವ ಸ್ಥಿತಿಯಲ್ಲಿತ್ತು. "ಓದಿ. ಕಾಣೆಯಾಗಿದ್ದಾರೆ ಅಂತ ಉಂಟು. ಸರಕಾರಕ್ಕೇ ಗೊತ್ತಿಲ್ಲ. ಸತ್ತಿದ್ದಾರೆ ಅಂತ ಬರೆದದ್ದು ಯಾರು? ನೀವಾ?"

ನಾನು ಕಾಗದವನ್ನು ಎರಡು ಸಲ ಓದಿದೆ. ಮಾಸ್ಟ್ರು ಅಂದು ಬಸ್‌ಸ್ಟ್ಯಾಂಡು ನೋಡಿದ್ದು ಹೌದು ಎನ್ನಲು ಆಗದೆ ಅಲ್ಲ, ಉತ್ತರ ಗೊತ್ತಿಲ್ಲದೆ. ನಾನು ಎಲ್ಲರ ಮೌನದ ಹಾಗೆ ಅದನ್ನೂ ಓದಿಬಿಟ್ಟಿದ್ದೆ.

"ಸೆರೆ ಸಿಕ್ಕಿದವರು ಇನ್ನೂ ಆಚೆ ದೇಶದಲ್ಲಿ ಇದ್ದಾರೆ. ಅವರೆಲ್ಲ ಬರುವ ಮೊದಲು ಬಿ.ಡಿ.ಓ. ಬಂದು ಇದಕ್ಕೆ ಹಾರ ಹಾಕಿದ್ರೆ ನಾನು ಮರುದಿನ ಈ ಕುಂಕುಮ ಇಟ್ಟುಕೊಂಡು ಡ್ಯೂಟಿಗೆ ಹೋಗುದು ಹೇಗೆ? ಹೇಳಿ." ಆಮೇಲೆ ಫೋಟೋದ ಹತ್ತಿರ ಬಾಗಿ ನೋಡಿ, "ಇಲ್ಲಿ ಹೆಗಲ ಮೇಲೆ ಒಂದು ಕೈ ಇತ್ತಲ್ವಾ, ಅದು ಎಲ್ಲಿ?" ಎಂದರು.

ನನ್ನ ಒಂದು ದಿನದ ಕೆಲಸವನ್ನು ಮೊದಲು ಕಂಡುಹಿಡಿದವರು ಅವರೇ. ನನಗೆ ನಾಚಿಕೆಯಾಯಿತು. ಶನಿವಾರ ಮಾಸ್ಟ್ರು ಫೋಟೋ ಕೊಂಡುಹೋಗಲು ಬರುತ್ತಾರೆ, ನೀವೂ ಬನ್ನಿ ಎಂದಷ್ಟೇ ಹೇಳಿದೆ.

ಶನಿವಾರ ಇಬ್ಬರೂ ಬಂದರು. ಗಿರಾಕಿಗಳ ಎದುರು ಬೇಡವೆಂದು ನಾನು ಅವರನ್ನು ಒಳಗೆ, ಚಂದ್ರ, ಬಾಳೆಗಿಡ ಬಿಡಿಸಿದ ಪರದೆಯ ಮುಂದೆ ಕೂರಿಸಿದೆ. ಮಾಸ್ಟ್ರು ಕೆಟ್ಟವರಲ್ಲ. ಅವರಿಗೂ ರಾತ್ರಿ ನಿದ್ದೆ ಇರಲಿಲ್ಲ ಎಂಬುದು ಮುಖ ನೋಡಿದರೆ ತಿಳಿಯುತ್ತಿತ್ತು.

"ಶಾಲೆಯಲ್ಲಿ ಎಲ್ಲ ಹೇಳಿ ಆಗಿದೆ" ಎಂದರು. "ಊರಿನವರು ಅವನನ್ನು ನೆನೆಯಬೇಕೊ ಬೇಡವೊ? ನೀನು ಹೀಗೆ ಕಾಯ್ತಾ ಕೂತ್ರೆ ಎಲ್ಲರೂ ಮರೆತುಬಿಡ್ತಾರೆ."

"ನೆನೆಯಲಿ ಭಾವ. ಬೇಡ ಹೇಳುವುದಿಲ್ಲ. ಹಾರ ಯಾಕೆ?"

"ಹಾರ ಇಲ್ಲದೆ ಎಂಥ ಗೌರವ?"

"ಮತ್ತೆ ಅವರನ್ನು ಯಾಕೆ ತೆಗೆಸಿದ್ದು? ಪೈಲಟನ್ನು?"

ಮಾಸ್ಟ್ರ ಸ್ವರ ಏರಿತು. "ಅವನಿಗೆ ಹಾರುವ ಸೀಟು ಇತ್ತು! ವಿಮಾನಕ್ಕೆ ಏಟು ಬಿದ್ರೆ ಹಿಡಿ ಎಳೆದು ಸೀಟು ಸಮೇತ ಹೊರಗೆ ಹೋಗಬಹುದು ಅವ. ನನ್ನ ತಮ್ಮ ಮೂತಿಯೊಳಗೆ ಬೋರಲು ಮಲಗಿ ಬಾಂಬಿಗೆ ಗುರಿ ನೋಡುದು. ಅವನಿಗೆ ಅಂಥ ಸೀಟೇ ಇಲ್ಲ. ತಮ್ಮನೇ ಪತ್ರದಲ್ಲಿ ಬರೆದಿದ್ದ ಅದನ್ನು."

ನರ್ಸಮ್ಮ ಚೀಲದಿಂದ ಒಂದು ಇನ್‌ಲ್ಯಾಂಡ್ ಪತ್ರ ತೆಗೆದರು. ಗಂಡ ಬರೆದದ್ದು. ಅರ್ಧ ಪುಟದಲ್ಲಿ ಬಾಲ್‌ಪೆನ್ನಿನಿಂದ ವಿಮಾನದ ಚಿತ್ರ ಬಿಡಿಸಿ, ಮೇಲಿನ ಗಾಜಿನ ಗುಮ್ಮಟಕ್ಕೆ ಬಾಣ ಎಳೆದು 'ಸರ್ದಾರ್ಜಿ', ಮೂತಿಗೆ ಬಾಣ ಎಳೆದು 'ನಾನು ಇಲ್ಲಿ' ಎಂದು ಬರೆದಿದ್ದರು.

"ಸೀಟು ಇತ್ತು ಭಾವ, ನನಗೂ ಗೊತ್ತುಂಟು" ಎಂದರು. "ಆದ್ರೆ ಅವರೂ ಬರಲಿಲ್ಲ ಅಲ್ವಾ? ಇವರನ್ನು ಬಿಟ್ಟು ಅವರು ಒಬ್ಬರೇ ಬಂದಿದ್ರೆ ನೀವು ಕತ್ತರಿಸಿ. ನಾನೇ ಕತ್ತರಿ ಕೊಡ್ತೇನೆ."

ಮಾಸ್ಟ್ರು ಮಾತಾಡಲಿಲ್ಲ. ಈ ಸಲ ಅವರ ಮೌನಕ್ಕೆ ಅರ್ಥ ಹಚ್ಚುವ ಕೆಲಸಕ್ಕೆ ನಾನು ಹೋಗಲಿಲ್ಲ. ಪತ್ರ ಕೈಗೆ ತೆಗೆದುಕೊಂಡು ನೋಡುತ್ತಿದ್ದೆ. ಫೋಟೋದಲ್ಲಿ ಕತ್ತರಿಸಿ ಹೋಗಿದ್ದ ವಿಮಾನದ ಬಾಲ ಪತ್ರದಲ್ಲಿ ಪೂರ್ತಿ ಇತ್ತು.

ಆಗ ನನಗೆ ಹೊಳೆದದ್ದು ಚೌಕಟ್ಟಿನವರ ಉಪಾಯ, ದೊಡ್ಡ ಬುದ್ಧಿವಂತಿಕೆಯೇನೂ ಅಲ್ಲ. ಗಾಜಿಗೂ ಫೋಟೋಕ್ಕೂ ನಡುವೆ ನಾವು ಕಿಟಕಿಯಂತೆ ಕತ್ತರಿಸಿದ ದಪ್ಪ ರಟ್ಟು ಹಾಕುತ್ತೇವೆ, ಅದಕ್ಕೆ ಮೌಂಟ್ ಎನ್ನುತ್ತೇವೆ. ಕಿಟಕಿ ಎಷ್ಟು ದೊಡ್ಡದೋ ಅಷ್ಟೇ ಫೋಟೋ ಕಾಣುವುದು.

"ಇಬ್ಬರದ್ದೂ ಸೇರಿಯೇ ಮಾಡುವ" ಎಂದೆ. "ಮೋಡ ಗೀಡ ಬೇಡ. ಮೇಲೆ ನಿಜವಾದ ಆಕಾಶ, ವಿಮಾನದ ಬಾಲ, ಹಾರಕ್ಕೆ ಬೇಕಾದಷ್ಟು ಜಾಗ ಎಲ್ಲ ಒಳಗೆ ಇರ್ತದೆ. ಆದ್ರೆ ಅದರ ಮೇಲೆ ಮೌಂಟ್ ಮುಚ್ಚಿರ್ತದೆ. ಹೊರಗಿನಿಂದ ನೋಡುವವರಿಗೆ ತಲೆಯ ಮೇಲೆ ಎರಡೇ ಬೆರಳು. ಇದ್ದವರ ಫೋಟೋ."

ನರ್ಸಮ್ಮ ಕೇಳಿದರು, "ಮುಚ್ಚಿದ್ದನ್ನು ತೆಗೆಯುದು ಯಾರು?"

"ನೀವು ಹೇಳಿದ ದಿನ ನಾನು. ಬೇರೆ ಯಾರು ಹೇಳಿದ್ರೂ ಇಲ್ಲ."

ಮಾಸ್ಟ್ರು ಎದ್ದು ಕೊಡೆ ತೆಗೆದುಕೊಂಡರು. "ಹದಿನೈದಕ್ಕೆ ಆಗಬೇಕು" ಎಂದಷ್ಟೇ ಹೇಳಿದರು.

ಉಳಿದದ್ದು ಒಂಬತ್ತು ದಿನ. ಕೆರೆದು ಹಾಳು ಮಾಡಿದ ನೆಗೆಟಿವ್ ಉಪಯೋಗಕ್ಕಿಲ್ಲ. ಹೊಸದು ತೆಗೆದು, ಅದರಿಂದ ಸಾಧಾರಣ ಅಳತೆಯ ಪ್ರಿಂಟ್ ಹಾಕಿ, ದೊಡ್ಡ ಬೂದು ರಟ್ಟಿಗೆ ಅಂಟಿಸಿದೆ. ಮೇಲೆ ಉಳಿದ ಖಾಲಿ ಜಾಗದಲ್ಲಿ ಪೆನ್ಸಿಲಿನ ಕರಿಪುಡಿಯನ್ನು ಹತ್ತಿಯಿಂದ ತಿಕ್ಕಿ ಆಕಾಶ ಮುಂದುವರಿಸಿದೆ. ಬಾಲವನ್ನು ಪತ್ರ ನೋಡಿ ಬರೆದೆ. ನೇವಿಗೇಟರರ ಕೈ ನನ್ನ ಕೈಗಿಂತ ಚೆನ್ನಾಗಿತ್ತು. ಗೆರೆ ಎಲ್ಲಿಯೂ ತಡವರಿಸಿರಲಿಲ್ಲ. ನನ್ನದು ಮೂರು ಸಲ ಸೊಟ್ಟಗಾಯಿತು. ಮತ್ತೆ ಅದೆಲ್ಲವನ್ನೂ ಒಟ್ಟಿಗೆ ಕ್ಯಾಮರಾದಲ್ಲಿ ಕಾಪಿ ಮಾಡಿದರೆ ಅಂಟಿಸಿದ ಅಂಚು ಗೆರೆಯ ಹಾಗೆ ಎದ್ದು ಕಂಡಿತು. ಅದನ್ನು ಪೆನ್ಸಿಲಿನಲ್ಲಿ ಕೊಂದೆ. ಪ್ರಿಂಟ್ ಹಾಕುವಾಗ ವೋಲ್ಟೇಜು ಇಳಿದು ಒಂದು ಕಾಗದ ಬೂದು ಬಣ್ಣಕ್ಕೆ ತಿರುಗಿ ಹಾಳಾಯಿತು. ಮತ್ತೊಂದು ಆಟಿಯ ತಂಡಿಗೆ ಒಣಗದೆ, ಒಣಗಿಸುವ ತಗಡಿಗೆ ಕಚ್ಚಿಕೊಂಡು, ಎಳೆದಾಗ ಇಬ್ಬರ ಮುಖವೂ ಹೋಯಿತು. "ಬಾಂಬು ಹಾಕಿದ್ದು ಅವರು, ಮುಳುಗುದು ನನ್ನ ಅಂಗಡಿ" ಎಂದು ಯಜಮಾನರು ಗೊಣಗಿದರೂ ಬೀರುವಿನ ಬೀಗ ತೆಗೆದು ಕಾಗದ ಕೊಟ್ಟರು. ಹದಿಮೂರರಂದು ಒಂದು ಒಳ್ಳೆಯ ಪ್ರಿಂಟ್ ಬಂತು. ಅದೇ ಕೈಯಲ್ಲಿ ಇನ್ನೊಂದನ್ನೂ ಹಾಕಿ, ಅದಕ್ಕೂ ಅಂಥದೇ ಮೌಂಟ್ ಕತ್ತರಿಸಿ ಕೂರಿಸಿದೆ. ಅದು ಪಂಜಾಬಿಗೆ, ಪೈಲಟರ ತಾಯಿಗೆ ಕಳಿಸಲು ಎಂದು ನರ್ಸಮ್ಮ ಕೇಳಿದ್ದರು. ಹೆಗಲ ಮೇಲಿನ ನಾಲ್ಕು ಬೆರಳುಗಳನ್ನು ಈ ಸಲ ನಾನು ಮುಟ್ಟಲೇ ಇಲ್ಲ.

ಹದಿನೈದರಂದು ಚೌಕಟ್ಟು ತೂಗುಹಾಕಲು ನಾನೇ ಹೋಗಿದ್ದೆ. ಧ್ವಜ ಏರಿತು, ಮಕ್ಕಳು ಹಾಡಿದರು. ಬಿ.ಡಿ.ಓ. ಪರದೆ ಸರಿಸಿ, ಅಭ್ಯಾಸದಂತೆ ಪಕ್ಕಕ್ಕೆ ಕೈ ಚಾಚಿದರು. ಯಾರೋ ಸೇವಂತಿಗೆಯ ಹಾರ ಆ ಕೈಗೆ ಕೊಟ್ಟೇಬಿಟ್ಟರು. ಕೊನೆಯ ಸಾಲಿನಲ್ಲಿ ಬಿಳಿ ಸೀರೆಯಲ್ಲಿ ನಿಂತಿದ್ದ ನರ್ಸಮ್ಮ ಅಲ್ಲಾಡಲಿಲ್ಲ. ಒಳಗೆ ಎಷ್ಟು ಜಾಗ ಮುಚ್ಚಿಟ್ಟರೇನು, ಹೊರಗಿನಿಂದ ಹಾರ ಬಿದ್ದರೆ ಮುಗಿಯಿತು.

ಮಾಸ್ಟ್ರು ಮುಂದೆ ಬಂದು ಎರಡೂ ಕೈಯಿಂದ ಆ ಹಾರ ಹಿಡಿದುಕೊಂಡರು. "ಇದಕ್ಕೆ ಹಾರ ಇಲ್ಲ ಸರ್" ಎಂದರು. "ಇಬ್ಬರೂ ಇನ್ನೂ ಬರ್ಲಿಕ್ಕೆ ಉಂಟು." ಆಮೇಲೆ ಹಾರವನ್ನು ಕೊಂಡುಹೋಗಿ ಧ್ವಜದ ಕಂಬಕ್ಕೆ ಸುತ್ತಿದರು.

ಸೆರೆ ಸಿಕ್ಕಿದವರು ಮುಂದೆ ಬಿಡುಗಡೆಯಾಗಿ ಬಂದರು. ಅವರಲ್ಲಿ ಇವರಿಬ್ಬರೂ ಇರಲಿಲ್ಲ. ನರ್ಸಮ್ಮ ಲಸಿಕೆಗೆ ಬರುವುದು ಹೋಗುವುದು ನಡೆದೇ ಇತ್ತು. ಕೌಂಟರಿನಿಂದ ಕಂಡರೆ ನಾನು ತಲೆಯಾಡಿಸುತ್ತಿದ್ದೆ, ಅವರು ಥರ್ಮೋಸ್ ಹಿಡಿದ ಕೈ ಸ್ವಲ್ಪ ಎತ್ತುತ್ತಿದ್ದರು. ಫೋಟೋದ ಮಾತು ಇಬ್ಬರೂ ಎತ್ತಲಿಲ್ಲ. ಅದು ಕಾಣಿಯೂರಿನ ಶಾಲೆಯಲ್ಲಿ ಕಿಟಕಿಯ ಎದುರಿನ ಗೋಡೆಯಲ್ಲಿತ್ತು.

ಕಾಣೆಯಾದವರಿಗೆ ಹನ್ನೆರಡು ವರ್ಷ ಕಾಯಬೇಕು ಎನ್ನುತ್ತಾರೆ ನಮ್ಮಲ್ಲಿ. ಹನ್ನೆರಡು ಮುಗಿದ ವರ್ಷ, ಒಂದು ಬೆಳಿಗ್ಗೆ, ಮಾಸ್ಟ್ರು ಮತ್ತು ನರ್ಸಮ್ಮ ಚೌಕಟ್ಟನ್ನು ಬೆಡ್‌ಶೀಟಿನಲ್ಲಿ ಸುತ್ತಿಕೊಂಡು ಬಂದರು. ಅಷ್ಟರಲ್ಲಿ ಸ್ಟುಡಿಯೋಕ್ಕೆ ಕಲರ್ ಬಂದಿತ್ತು, ಯಜಮಾನರು ತೀರಿಕೊಂಡಿದ್ದರು. ಮರದ ಕ್ಯಾಮರಾ ಮೂಲೆಯಲ್ಲಿ ಧೂಳು ಹಿಡಿದು ನಿಂತಿತ್ತು.

ಮಾಸ್ಟ್ರು ಚೌಕಟ್ಟನ್ನು ಕೌಂಟರಿನ ಮೇಲಿಟ್ಟು ಬಸ್‌ಸ್ಟ್ಯಾಂಡು ನೋಡಿದರು. ನಾನು ನರ್ಸಮ್ಮನ ಕಡೆ ತಿರುಗಿ ಕೇಳಿದೆ. ಬಾಯಿಬಿಟ್ಟು ಕೇಳಿದೆ, ಉತ್ತರ ಬರುವವರೆಗೆ ನಿಂತೆ.

"ಹಾರಕ್ಕೆ ಜಾಗ ಬಿಡುದೊ ನರ್ಸಮ್ಮ?"

"ಬಿಡಿ ಅಣ್ಣ" ಎಂದರು. ಆಮೇಲೆ ಹೇಳಿದರು: "ನನ್ನ ಹನ್ನೆರಡು ವರ್ಷದ ಲೆಕ್ಕಕ್ಕೆ ಅಲ್ಲ. ಪೈಲಟರ ಅಮ್ಮನಿಗೆ ಎಂಬತ್ತು ದಾಟಿತು. ಅವರ ಫೋಟೋದಲ್ಲಿಯೂ ಆ ರಟ್ಟು ಹಾಗೇ ಉಂಟು. 'ನೀನು ತೆಗೆದ ಮೇಲೆ ನಾನು ತೆಗೀತೇನೆ, ಅಷ್ಟರವರೆಗೆ ನನ್ನ ಮಗನಿಗೂ ಕ್ರಿಯೆ ಏನೂ ಮಾಡಿಸುವುದಿಲ್ಲ' ಅಂತ ನನಗೆ ಬರೆಸಿದ್ದಾರೆ. ಅವರು ಹಾಗೆಯೇ ಹೋದ್ರೆ ನನಗೆ ಪಾಪ ಅಲ್ವಾ?"

ಹಿಂದಿನ ಕಾಗದ ಹರಿದು, ಸಣ್ಣ ಮೊಳೆಗಳನ್ನು ಒಂದೊಂದಾಗಿ ಎಬ್ಬಿಸಿ, ಗಾಜು ಬದಿಗಿಟ್ಟು ಮೌಂಟ್ ಎತ್ತಿದೆ. ಹನ್ನೆರಡು ವರ್ಷ ಕಿಟಕಿಯ ಬೆಳಕು ತಿಂದು ಫೋಟೋ ಹಳದಿಯಾಗಿತ್ತು. ಇಬ್ಬರ ಮುಖ, ಬಟ್ಟೆ, ಹೆಗಲ ಮೇಲಿನ ಕೈ ಎಲ್ಲ ಚಹಾದ ಬಣ್ಣ. ರಟ್ಟು ಮುಚ್ಚಿದ್ದ ಆಕಾಶ ಮತ್ತು ವಿಮಾನದ ಬಾಲ ಮಾತ್ರ ನಾನು ಪ್ರಿಂಟ್ ತೊಳೆದು ತೊಟ್ಟಿಯಿಂದ ಎತ್ತಿದ ದಿನದ ಹಾಗೆಯೇ ಇದ್ದವು.

"ಇದು ಅವರು ಬರೆದ ಬಾಲ" ಎಂದರು ನರ್ಸಮ್ಮ. ಬೆರಳು ಅದರ ಹತ್ತಿರ ಕೊಂಡುಹೋದರು, ತಾಗಿಸಲಿಲ್ಲ. ಮಾಸ್ಟ್ರು ಕನ್ನಡಕ ತೆಗೆದು ಒರೆಸತೊಡಗಿದರು.

ಮೌಂಟ್ ಇಲ್ಲದೆ ಗಾಜು ಕೂರಿಸಿ ಮೊಳೆ ಹೊಡೆದೆ. ನರ್ಸಮ್ಮ ಬಾಳೆಲೆಯ ಕಟ್ಟು ಬಿಚ್ಚಿ ಹಾರ ತೆಗೆದರು. ಮಲ್ಲಿಗೆಯದ್ದು, ತಾವೇ ಕಟ್ಟಿದ್ದು. ಒಂದೇ ಇತ್ತು. "ಇಬ್ಬರಿಗೂ ಹಿಡಿಯುವ ಹಾಗೆ ಉದ್ದ ಕಟ್ಟಿದ್ದೇನೆ" ಎಂದು ಹಾಕಿದರು. ಯಾರ ಹಣೆಯೂ ಮುಚ್ಚಲಿಲ್ಲ. ಅಳತೆ ಸರಿಯಾಗಿತ್ತು.

"ಇದರ ಒಂದು ಫೋಟೋ ತೆಗೀರಿ ಅಣ್ಣ. ಪಂಜಾಬಿಗೆ ಕಳಿಸಬೇಕು. ಕಣ್ಣಾರೆ ನೋಡದೆ ಆ ಅಮ್ಮ ನಂಬುವುದಿಲ್ಲ."

ಕಲರ್ ಕ್ಯಾಮರಾ ಕೈಗೆ ತೆಗೆದುಕೊಳ್ಳಲು ಮನಸ್ಸಾಗಲಿಲ್ಲ. ಮೂಲೆಯ ಮರದ ಕ್ಯಾಮರಾವನ್ನು ಒರೆಸಿ ತಂದೆ. ಚೌಕಟ್ಟನ್ನು ಹಲಗೆಗೆ ಒರಗಿಸಿದೆ, ಎರಡು ಬದಿಯಲ್ಲಿ ಎರಡು ಬಲ್ಬು ಹಚ್ಚಿದೆ, ಕಪ್ಪು ಬಟ್ಟೆ ತಲೆಯ ಮೇಲೆ ಹೊದ್ದುಕೊಂಡೆ. ಕ್ಯಾಮರಾದ ಹಿಂದಿನ ಗಾಜಿನಲ್ಲಿ ಇಬ್ಬರೂ ತಲೆಕೆಳಗಾಗಿ ಬಂದರು. ಅಲ್ಲಿ ನನಗೆ ಅಳು ಬಂತು. ಹನ್ನೆರಡು ವರ್ಷ ಒಬ್ಬಳು ಹೆಂಡತಿ, ಒಬ್ಬಳು ತಾಯಿ, ಒಬ್ಬರನ್ನೊಬ್ಬರು ನೋಡದೆ, ನಾನು ಕತ್ತರಿಸಿದ ಒಂದು ರಟ್ಟಿನ ತುಂಡಿಗಾಗಿ ಕಾದಿದ್ದರು. ಕಪ್ಪು ಬಟ್ಟೆಯ ಒಳಗೆ ಎಷ್ಟು ಅತ್ತರೂ ಹೊರಗಿನವರಿಗೆ ಕಾಣುವುದಿಲ್ಲ.

"ಎಂತ ಅಣ್ಣ, ಸರಿ ಕಾಣ್ತದಾ?" ಎಂದು ನರ್ಸಮ್ಮ ಹೊರಗಿನಿಂದ ಕೇಳಿದರು.

"ಇಲ್ಲ, ಸ್ವಲ್ಪ ನಿಲ್ಲಿ" ಎಂದೆ.

ಅವರು ನಿಂತರು.